ಹಾಜರಿ ಪುಸ್ತಕದ ಆಟಗಾರರು

ನಮಸ್ಕಾರ. ಈಗ ಪರದೆಯ ಮೇಲೆ ನೀವು ನೋಡುತ್ತಿರುವುದು ಚೆಕ್ ಗಣರಾಜ್ಯದ ಎರಡನೆಯ ದೊಡ್ಡ ನಗರವಾದ ಬ್ರ್ನೋದಲ್ಲಿರುವ ಒಂದು ಬೇಸ್‌ಬಾಲ್ ಮೈದಾನ. ಒಂದು ಬದಿಯಲ್ಲಿ ಮಾತ್ರ ಕೂರಲು ಮೆಟ್ಟಿಲುಗಳಿವೆ. ಅವುಗಳ ಹಿಂದೆ ಸಾಸೇಜು ಸುಡುವ ಹೊಗೆ, ಬಿಯರಿಗೆ ಒಂದು ಸಾಲು, ಅದರಾಚೆಗೆ ನಾಯಿ ಕಟ್ಟಿಕೊಂಡು ಬಂದ ಎರಡು ಮೂರು ಸಂಸಾರಗಳು. ಉದ್ಯೋಗದ ನಿಮಿತ್ತ ಈ ಊರಿಗೆ ಬಂದು ನೆಲೆಸಿದ ನಾನು ಇಲ್ಲಿನ ಐಸ್ ಹಾಕಿಯ ಹುಚ್ಚನ್ನು ಮೊದಲ ಚಳಿಗಾಲದಲ್ಲಿಯೇ ಕಂಡಿದ್ದೆನಾದರೂ, ಅಮೆರಿಕದ ಈ ಆಟವನ್ನು ಇಲ್ಲಿಯೂ ಆಡುತ್ತಾರೆಂಬುದು ತಿಳಿದದ್ದು ತೀರ ತಡವಾಗಿ.

ಆಟ ಆರಂಭವಾಗಿ ಹತ್ತು ನಿಮಿಷವೂ ಆಗಿರಲಿಲ್ಲ, ಬ್ಯಾಟಿನ ಅಂಚಿಗೆ ತಗುಲಿದ ಚೆಂಡು ಬಲೆಯ ಮೇಲಿನಿಂದ ಹಾರಿ ಬಂದು ನನ್ನ ಮುಂದಿನ ಮೆಟ್ಟಿಲಿನಲ್ಲಿ ಬಿದ್ದಿತು. ಚಿನ್ನಸ್ವಾಮಿಯ ಗ್ಯಾಲರಿಯಲ್ಲಿ ಸಿಕ್ಸರ್ ಹಿಡಿದವನ ಹಮ್ಮಿನಿಂದ ನಾನು ಅದನ್ನು ಎತ್ತಿ ಎಲ್ಲರಿಗೂ ತೋರಿಸುತ್ತಿರುವಾಗ, ಆರೇಳು ವರ್ಷದ ಹುಡುಗನೊಬ್ಬ ಎದುರಿಗೆ ನಿಂತು ಗಂಭೀರವಾಗಿ ಕೈ ಚಾಚಿದ. ಕೊಟ್ಟೆ. ಅವನು ಓಡಿಹೋಗಿ ಅದನ್ನು ಮೇಜಿನ ಹಿಂದೆ ಕುಳಿತಿದ್ದ ಹೆಂಗಸಿಗೆ ಒಪ್ಪಿಸಿ, ಬದಲಿಗೆ ಒಂದು ಲಾಲಿಪಾಪ್ ಪಡೆದು ಬಂದ. ಚೆಂಡುಗಳಿಗೆ ಹಣ ಕೊಡಬೇಕಾಗಿರುವ ಕ್ಲಬ್ಬಿನ ಲೆಕ್ಕಾಚಾರ ಅದು. ಈ ಪುಟ್ಟ ಜಮಾಖರ್ಚಿನ ಹಿಂದೆ ಒಂದು ದೇಶದ ಕ್ರೀಡೆಯ ಬೇರೆಯೇ ಕಥೆಯಿದೆಯೆಂದು ಆಗ ನನಗೆ ಹೊಳೆದಿರಲಿಲ್ಲ.

2023ರ ಮಾರ್ಚ್ ತಿಂಗಳಿಗೆ ಹೋಗೋಣ. ವರ್ಲ್ಡ್ ಬೇಸ್‌ಬಾಲ್ ಕ್ಲಾಸಿಕ್ ಎಂಬ ವಿಶ್ವ ಪಂದ್ಯಾವಳಿಗೆ ಚೆಕ್ ತಂಡವು ಮೊದಲ ಬಾರಿಗೆ ಅರ್ಹತೆ ಪಡೆದು ಟೋಕಿಯೊಗೆ ಬಂದಿಳಿದಿತ್ತು. ಅದಕ್ಕೆ ಆರು ತಿಂಗಳ ಹಿಂದೆ ಜರ್ಮನಿಯ ರೆಗೆನ್ಸ್‌ಬುರ್ಗ್‌ನಲ್ಲಿ ಸ್ಪೇನನ್ನು 3-1ರಿಂದ ಸೋಲಿಸಿ ಗಳಿಸಿದ ಅರ್ಹತೆ ಅದು. ಆ ದಿನ ಬಹುಪಾಲು ಇನ್ನಿಂಗ್ಸುಗಳಲ್ಲಿ ಚೆಂಡೆಸೆದ ಮಾರ್ಟಿನ್ ಶ್ನೈಡರ್ ವೃತ್ತಿಯಿಂದ ಅಗ್ನಿಶಾಮಕ ದಳದ ಸಿಬ್ಬಂದಿ. ತಂಡದ ಮುಖ್ಯ ತರಬೇತುದಾರ ಪಾವೆಲ್ ಖಾದಿಮ್ ನರರೋಗ ವೈದ್ಯರು. ಹೊರಮೈದಾನದಲ್ಲಿ ನಿಲ್ಲುತ್ತಿದ್ದ ಆರ್ನೋಷ್ಟ್ ದುಬೋವಿ ಭೂಗೋಳದ ಮೇಷ್ಟ್ರು. ಅಮೆರಿಕದ ಮೇಜರ್ ಲೀಗಿನಲ್ಲಿ ಆಡಿದ ಅನುಭವವಿದ್ದ ಎರಿಕ್ ಸೊಗಾರ್ಡ್ ಒಬ್ಬರು ಮಾತ್ರ. ಅವರ ತಾಯಿ ಹುಟ್ಟಿದ್ದು ಚೆಕೊಸ್ಲೊವಾಕಿಯದಲ್ಲಿ ಎಂಬ ಕಾರಣಕ್ಕೆ ಅವರಿಗೆ ಈ ತಂಡದಲ್ಲಿ ಆಡುವ ಅವಕಾಶ ದೊರೆತಿತ್ತು. ಮೊದಲ ಪಂದ್ಯದಲ್ಲಿ ಚೀನಾದ ವಿರುದ್ಧ 4-5ರಿಂದ ಹಿಂದಿದ್ದ ತಂಡವನ್ನು ಕೊನೆಯ ಇನ್ನಿಂಗ್ಸಿನಲ್ಲಿ ಮಾರ್ಟಿನ್ ಮುಝಿಕ್ ಮೂರು ರನ್ನುಗಳ ಹೋಮ್ ರನ್, ಅಂದರೆ ನಮ್ಮ ಸಿಕ್ಸರಿನಂಥ ಹೊಡೆತ, ಬಾರಿಸಿ ಮೇಲೆತ್ತಿದರು. ಅಂತಿಮ ಅಂಕ 8-5.

ಮರುದಿನ, ಮಾರ್ಚ್ 11ರಂದು, ಎದುರಾಳಿ ಜಪಾನ್. ಆ ಪಂದ್ಯಾವಳಿಯನ್ನು ಗೆಲ್ಲಲಿದ್ದ ತಂಡದ ಮುಂದೆ ಚೆಂಡು ಹಿಡಿದು ನಿಂತವರು ಓಂದ್ರೆಯ್ ಸಾತೋರಿಯಾ, ವಾರದ ಐದು ದಿನ ವಿದ್ಯುತ್ ವಿತರಣೆಯ ಕಂಪನಿಯಲ್ಲಿ ಎಲೆಕ್ಟ್ರಿಷಿಯನ್. ಅವರ ಅತಿ ವೇಗದ ಎಸೆತವೂ ಗಂಟೆಗೆ 130 ಕಿಲೊಮೀಟರಿನ ಆಸುಪಾಸು ಮಾತ್ರ. ನಮ್ಮ ಲೆಕ್ಕದಲ್ಲಿ ಹೇಳುವುದಾದರೆ ಮಧ್ಯಮ ವೇಗಿ. ಆದರೆ ಅವರ ಬಳಿ ಚೇಂಜ್‌ಅಪ್ ಎಂಬ ಒಂದು ಎಸೆತವಿದೆ. ತೋಳು ಬೀಸುವ ರಭಸ ಒಂದಿಷ್ಟೂ ಕಡಿಮೆಯಾಗದೆ, ಚೆಂಡು ಮಾತ್ರ ಹಿಂದುಳಿದಂತೆ ಬಂದು ಬ್ಯಾಟಿನ ಹತ್ತಿರ ಕುಸಿಯುತ್ತದೆ. ವೆಂಕಟೇಶ್ ಪ್ರಸಾದ್ ಅವರ ನಿಧಾನದ ಎಸೆತಕ್ಕೆ ಮೊದಲೇ ಬ್ಯಾಟ್ ಬೀಸಿ ಪೆಚ್ಚಾದ ದಾಂಡಿಗರನ್ನು ಕಂಡವರಿಗೆ ಇದರ ಕುಹಕವನ್ನು ಬಿಡಿಸಿ ಹೇಳಬೇಕಾಗಿಲ್ಲ. ಮೂರನೆಯ ಇನ್ನಿಂಗ್ಸಿನಲ್ಲಿ, ಜಗತ್ತಿನ ಅತ್ಯಂತ ದುಬಾರಿ ಆಟಗಾರರಲ್ಲಿ ಒಬ್ಬರಾದ ಶೊಹೆಯ್ ಒಹ್ತಾನಿ, ಸುಮಾರು 115 ಕಿಲೊಮೀಟರ್ ವೇಗದ ಅಂಥದೊಂದು ಚೆಂಡಿಗೆ ಗಾಳಿಯಲ್ಲಿ ಬ್ಯಾಟ್ ಬೀಸಿ ಔಟಾದರು.

ಪಂದ್ಯ ಜಪಾನಿನದಾಯಿತು, 10-2. ಅದರಲ್ಲಿ ಆಶ್ಚರ್ಯವೇನಿಲ್ಲ. ನನ್ನ ಮನಸ್ಸಿನಲ್ಲಿ ಉಳಿದದ್ದು ಬೇರೊಂದು ದೃಶ್ಯ: ಜಪಾನಿನ ಯುವ ಪಿಚರ್ ರೋಕಿ ಸಸಾಕಿ ಎಸೆದ 162 ಕಿಲೊಮೀಟರ್ ವೇಗದ ಚೆಂಡು ಚೆಕ್ ತಂಡದ ವಿಲ್ಲೀ ಎಸ್ಕಾಲಾ ಅವರ ಮೊಣಕಾಲಿಗೆ ಅಪ್ಪಳಿಸಿತು. ಅವರು ನೆಲದ ಮೇಲೆ ಬಿದ್ದು ಹೊರಳಾಡಿ, ಆಮೇಲೆ ಎದ್ದು ಕುಂಟುತ್ತ, ಚೆಂಡು ಮೈಗೆ ತಗುಲಿದವರಿಗೆ ಸಲ್ಲುವ ಮೊದಲ ಬೇಸಿಗೆ ಹೋದದ್ದಲ್ಲದೆ, ತಮಗೇನೂ ಆಗಿಲ್ಲವೆಂದು ತೋರಿಸಲು ಮೈದಾನದಂಚಿನಲ್ಲಿ ಒಂದು ಓಟವನ್ನೂ ಓಡಿದರು. ಜಪಾನಿನ ಪ್ರೇಕ್ಷಕರೆಲ್ಲ ಚಪ್ಪಾಳೆ ತಟ್ಟಿದರು. ಅದಾದ ಮೇಲೆ ಸಸಾಕಿ ಚೆಕ್ ಆಟಗಾರರು ತಂಗಿದ್ದ ಹೋಟೆಲಿಗೆ ಎರಡು ದೊಡ್ಡ ಚೀಲಗಳ ತುಂಬ ಮಿಠಾಯಿ ತೆಗೆದುಕೊಂಡು ಹೋಗಿ ಕ್ಷಮೆ ಕೇಳಿದರು. ಒಹ್ತಾನಿಯವರಂತೂ ಮುಂದಿನ ಸುತ್ತಿಗಾಗಿ ಮಯಾಮಿಯಲ್ಲಿ ವಿಮಾನದಿಂದ ಇಳಿಯುವಾಗ ತಲೆಗೆ ಚೆಕ್ ತಂಡದ ಟೋಪಿ ಹಾಕಿಕೊಂಡಿದ್ದರು.

ಎಲೆಕ್ಟ್ರಿಷಿಯನ್, ಮೇಷ್ಟ್ರು, ಅಗ್ನಿಶಾಮಕ ಎಂದು ಪತ್ರಿಕೆಗಳು ಅಂದು ಬಾಯಿತುಂಬ ಹೊಗಳಿದವು. ಆದರೆ ಈ ದೇಶದ ಹಿರಿಯರಿಗೆ, ಆಟಗಾರನ ಹೆಸರಿನ ಮುಂದೆ ಒಂದು ವೃತ್ತಿಯ ಹೆಸರು ಬರೆದಿರುವುದು ಹೊಸದೇನಲ್ಲ. ಕಮ್ಯುನಿಸ್ಟ್ ಆಡಳಿತವಿದ್ದ ಕಾಲದಲ್ಲಿ ಇಲ್ಲಿ ಎಲ್ಲ ಆಟಗಾರರಿಗೂ ಒಂದೊಂದು ವೃತ್ತಿಯಿತ್ತು, ಕಾಗದದ ಮೇಲೆ.

ನಾನಿರುವ ಬ್ರ್ನೋ ನಗರದ ಐಸ್ ಹಾಕಿ ತಂಡವನ್ನೇ ತೆಗೆದುಕೊಳ್ಳಿ. ಇಂದು ಅದರ ಹೆಸರು ಕೊಮೆಟಾ. 1953ರಲ್ಲಿ ಅದು ಹುಟ್ಟಿದಾಗ ಹೆಸರು ರುದಾ ಹ್ವೇಜ್ದಾ, ಅಂದರೆ ಕೆಂಪು ನಕ್ಷತ್ರ, ಮತ್ತು ಅದರ ಯಜಮಾನಿಕೆ ಪೊಲೀಸ್ ಇಲಾಖೆಯನ್ನು ಕೈಯಲ್ಲಿಟ್ಟುಕೊಂಡಿದ್ದ ಗೃಹ ಸಚಿವಾಲಯದ್ದು. ಮುಂದೆ ಅದನ್ನು ಬೇರಿಂಗ್ ಕಾರ್ಖಾನೆಯೊಂದರ ಸುಪರ್ದಿಗೆ ಒಪ್ಪಿಸಿ, ಆ ಕಾರ್ಖಾನೆಯ ಹೆಸರಾದ ಜ಼ಡ್‌ಕೆಎಲ್ ಎಂಬುದನ್ನೇ ತಂಡಕ್ಕೂ ಅಂಟಿಸಿದರು. 1955ರಿಂದ 1966ರವರೆಗಿನ ಹನ್ನೆರಡು ಋತುಗಳಲ್ಲಿ ಹನ್ನೊಂದು ಬಾರಿ ರಾಷ್ಟ್ರೀಯ ಚಾಂಪಿಯನ್ ಆದ ತಂಡವಿದು. ಸೇನೆಯ ತಂಡದ ಹೆಸರು ದುಕ್ಲಾ. ಕಡ್ಡಾಯ ಸೈನಿಕ ಸೇವೆಗೆ ಬಂದ ಪ್ರತಿಭಾವಂತ ಹುಡುಗರನ್ನು ಅದು ಬಂದೂಕಿನ ಬದಲು ಹಾಕಿ ಕೋಲು ಹಿಡಿಸಿ ಇಟ್ಟುಕೊಳ್ಳುತ್ತಿತ್ತು, ಮತ್ತು ಯಿಹ್ಲಾವಾ ಎಂಬ ಸಣ್ಣ ಊರಿನಲ್ಲಿ ನೆಲೆಯಾಗಿ ಹನ್ನೆರಡು ಪ್ರಶಸ್ತಿಗಳನ್ನು ಗೆದ್ದಿತು. ಒಲಿಂಪಿಕ್ಸಿಗೆ ಹವ್ಯಾಸಿಗಳಷ್ಟೇ ಅರ್ಹರಾಗಿದ್ದ ದಿನಗಳು ಅವು. ಆದ್ದರಿಂದ ಹಾಜರಿ ಪುಸ್ತಕದಲ್ಲಿ ಸೈನಿಕನೆಂದೋ ಕಾರ್ಮಿಕನೆಂದೋ ಹೆಸರಿರುತ್ತಿತ್ತು, ದಿನವಿಡೀ ನಡೆಯುತ್ತಿದ್ದುದು ಅಭ್ಯಾಸ.

ಬೆಂಗಳೂರಿನಲ್ಲಿ ಬೆಳೆದವರಿಗೆ ಇದು ತೀರ ಅಪರಿಚಿತವಲ್ಲ. ಎಚ್‌ಎಎಲ್, ಐಟಿಐ ಕಾರ್ಖಾನೆಗಳ ಫುಟ್‌ಬಾಲ್ ತಂಡಗಳನ್ನೂ ಸ್ಟೇಟ್ ಬ್ಯಾಂಕಿನ ಉದ್ಯೋಗಿಯಾಗಿದ್ದ ಜಿ.ಆರ್. ವಿಶ್ವನಾಥ್ ಅವರನ್ನೂ ನಾವು ಬಲ್ಲೆವು. ನಮ್ಮಲ್ಲಿ ಅದು ಆಟಗಾರನ ಹೊಟ್ಟೆಪಾಡಿಗೆ ಒದಗಿದ ಆಸರೆಯಾಗಿತ್ತು. ಇಲ್ಲಿ ಆ ಸಂಬಳದ ಜೊತೆಗೆ ಒಂದು ಹಗ್ಗವೂ ಇತ್ತು. ಹಗ್ಗದ ಇನ್ನೊಂದು ತುದಿ ಸರ್ಕಾರದ ಕೈಯಲ್ಲಿತ್ತು.

ಅದು ಎಷ್ಟು ಬಿಗಿಯಬಲ್ಲದು ಎಂಬುದು 1950ರ ಮಾರ್ಚಿನಲ್ಲಿ ತಿಳಿಯಿತು. ಹಿಂದಿನ ವರ್ಷವಷ್ಟೇ ವಿಶ್ವ ಚಾಂಪಿಯನ್ ಆಗಿದ್ದ ಚೆಕೊಸ್ಲೊವಾಕಿಯದ ಐಸ್ ಹಾಕಿ ತಂಡವು ಆ ವರ್ಷದ ವಿಶ್ವ ಚಾಂಪಿಯನ್‌ಷಿಪ್ಪಿಗಾಗಿ ಲಂಡನ್ನಿಗೆ ಹೊರಡಬೇಕಾಗಿತ್ತು. ಹೊರಡುವ ಗಳಿಗೆಯಲ್ಲಿ ತಡೆದರು. ತಮ್ಮ ರೇಡಿಯೊ ವರದಿಗಾರರಿಗೆ ಬ್ರಿಟನ್ ವೀಸಾ ಕೊಡಲಿಲ್ಲವೆಂಬುದು ಹೊರಗೆ ಹೇಳಿದ ಕಾರಣ. ಆಟಗಾರರು ದೇಶ ಬಿಟ್ಟು ಓಡಿಹೋದಾರೆಂಬ ಭಯವೇ ನಿಜವಾದ ಕಾರಣ. ಪ್ರಾಗಿನ ಒಂದು ಪಬ್ಬಿನಲ್ಲಿ ಕುಳಿತು, ಕುಡಿದು, ಸಿಟ್ಟಿನಲ್ಲಿ ಸರ್ಕಾರವನ್ನು ಬಾಯಿಗೆ ಬಂದಂತೆ ಬೈದ ಆಟಗಾರರನ್ನು ರಹಸ್ಯ ಪೊಲೀಸರು ಅಲ್ಲಿಯೇ ಹಿಡಿದರು. ಗೋಲ್ ಕೀಪರ್ ಬೋಹುಮಿಲ್ ಮೋದ್ರಿ ಆ ಸಂಜೆ ಪಬ್ಬಿನಲ್ಲಿ ಇರಲೂ ಇಲ್ಲ. ಅತಿ ಹೆಚ್ಚಿನ ಶಿಕ್ಷೆ, ಹದಿನೈದು ವರ್ಷ, ಬಿದ್ದದ್ದು ಅವರಿಗೆ. ಗುಸ್ತಾವ್ ಬುಬ್ನಿಕ್ ಅವರಿಗೆ ಹದಿನಾಲ್ಕು. ವಿಶ್ವ ಚಾಂಪಿಯನ್ನರು ಯುರೇನಿಯಂ ಗಣಿಯ ಕೈದಿಗಳಾದರು. 1955ರಲ್ಲಿ ಬಿಡುಗಡೆಯೇನೋ ಆಯಿತು, ಆದರೆ ಮೋದ್ರಿ 1963ರಲ್ಲಿ, ಐವತ್ತು ತುಂಬುವ ಮೊದಲೇ, ತೀರಿಕೊಂಡರು.

ಅದೇ ಹಾಕಿ 1969ರಲ್ಲಿ ಹಗ್ಗವನ್ನು ಹಿಂದಕ್ಕೆ ಜಗ್ಗಿತು. ಹಿಂದಿನ ವರ್ಷದ ಆಗಸ್ಟಿನಲ್ಲಿ, ಇಲ್ಲಿನ ಸುಧಾರಣೆಗಳನ್ನು ಹತ್ತಿಕ್ಕಲು, ಸೋವಿಯತ್ ಟ್ಯಾಂಕುಗಳು ದೇಶದೊಳಗೆ ನುಗ್ಗಿದ್ದವು. ಸ್ಟಾಕ್‌ಹೋಮ್‌ನ ವಿಶ್ವ ಚಾಂಪಿಯನ್‌ಷಿಪ್ಪಿನಲ್ಲಿ ಚೆಕೊಸ್ಲೊವಾಕಿಯ ಸೋವಿಯತ್ ತಂಡವನ್ನು ಮಾರ್ಚ್ 21ರಂದು 2-0ರಿಂದಲೂ ಮಾರ್ಚ್ 28ರಂದು 4-3ರಿಂದಲೂ ಸೋಲಿಸಿತು. ಯಾರೋಸ್ಲಾವ್ ಯಿರ್ಝಿಕ್ ತಮ್ಮ ಅಂಗಿಯ ಲಾಂಛನದಲ್ಲಿದ್ದ ಕೆಂಪು ನಕ್ಷತ್ರದ ಮೇಲೆ ಟೇಪ್ ಅಂಟಿಸಿಕೊಂಡು ಆಡಿದರು. ಎರಡನೆಯ ಗೆಲುವಿನ ರಾತ್ರಿ ಪ್ರಾಗಿನ ವೆನ್ಸೆಸ್ಲಾಸ್ ಚೌಕದಲ್ಲಿ ಜನ ಜಾತ್ರೆಯಂತೆ ಸೇರಿದರು. ನೀವು ನಮಗೆ ಟ್ಯಾಂಕು ಕೊಟ್ಟಿರಿ, ನಾವು ನಿಮಗೆ ಗೋಲು ಕೊಟ್ಟೆವು ಎಂಬುದು ಅಂದಿನ ಘೋಷಣೆ. ಚೆಕ್ ಭಾಷೆಯಲ್ಲಿ ಅದಕ್ಕೆ ಸೊಗಸಾದ ಪ್ರಾಸವಿದೆ. ಸೋವಿಯತ್ ವಿಮಾನ ಸಂಸ್ಥೆಯ ಕಚೇರಿಯನ್ನು ಜನ ಒಡೆದು ಹಾಕಿದರು. ಅದರ ಮುಂದೆ ಕಲ್ಲುಗಳ ರಾಶಿ ಅಷ್ಟು ಅನುಕೂಲವಾಗಿ ಹೇಗೆ ಬಿದ್ದಿತ್ತು, ಅದು ಪೊಲೀಸರದೇ ಕೈವಾಡವಲ್ಲವೇ ಎಂಬ ಸಂಶಯ ಇಂದಿಗೂ ಉಂಟು. ಗಲಭೆಯನ್ನು ನೆಪ ಮಾಡಿಕೊಂಡು ಮಾಸ್ಕೊ ಒತ್ತಡ ಹೇರಿತು. ಏಪ್ರಿಲ್ 17ರಂದು ಸುಧಾರಣಾವಾದಿ ದುಬ್ಚೆಕ್ ಪಕ್ಷದ ನಾಯಕತ್ವದಿಂದ ಇಳಿದರು, ಹುಸಾಕ್ ಬಂದರು. ಒಂದು ಪಂದ್ಯವನ್ನು ಗೆದ್ದು ಒಂದು ಸರ್ಕಾರವನ್ನು ಕಳೆದುಕೊಂಡವರು ಇವರು. ಮಾತು ಒರಟಾಯಿತು, ಆದರೂ ನನಗೆ ಹಾಗೆಯೇ ಅನ್ನಿಸುತ್ತದೆ.

ಇಷ್ಟರಲ್ಲಿ ಬೇಸ್‌ಬಾಲ್ ಎಲ್ಲಿತ್ತು? ಮೊದಲ ಮಹಾಯುದ್ಧದ ನಂತರ ವೈಎಂಸಿಎಯ ಅಮೆರಿಕನ್ನರು ತಂದು ನೆಟ್ಟ ಆ ಸಸಿಗೆ ಕಮ್ಯುನಿಸ್ಟರ ಕಾಲದಲ್ಲಿ ನೀರೆರೆದವರಿಲ್ಲ. ಸಮಾಜವಾದಿ ಕ್ಯೂಬಾ ಅದೇ ಆಟದ ಮೇಲೆ ಪ್ರಾಣವನ್ನೇ ಇಟ್ಟುಕೊಂಡಿದ್ದರೂ, ಇಲ್ಲಿ ಅದು ಪರರ ಆಟವಾಗಿಯೇ ಉಳಿಯಿತು. ರಾಜ್ಯಕ್ಕೆ ಬೇಕಾಗಿದ್ದುದು ಒಲಿಂಪಿಕ್ ಪದಕ ಮತ್ತು ಪ್ರಾಗಿನ ಸ್ತ್ರಾಹೋವ್ ಕ್ರೀಡಾಂಗಣದಲ್ಲಿ ಸಾವಿರಾರು ಜನ ಒಂದೇ ತಾಳಕ್ಕೆ ಕೈಯೆತ್ತುವ ಸ್ಪಾರ್ತಕಿಯಾದಾ ಪ್ರದರ್ಶನ. 1986ರಲ್ಲಿ ಬೇಸ್‌ಬಾಲಿಗೆ ಒಲಿಂಪಿಕ್ಸಿನ ಬಾಗಿಲು ತೆರೆದಾಗ ಸೋವಿಯತ್ ಒಕ್ಕೂಟಕ್ಕೂ ಆಟದ ರುಚಿ ಇದ್ದಕ್ಕಿದ್ದಂತೆ ಹತ್ತಿತು, ಆದರೆ ಇಲ್ಲಿನ ಕಮ್ಯುನಿಸ್ಟ್ ಆಡಳಿತಕ್ಕೆ ಉಳಿದಿದ್ದುದು ಮೂರೇ ವರ್ಷ. ಅಂದರೆ ಇಲ್ಲಿ ಈ ಆಟವನ್ನು ಯಾರೂ ಬಿಗಿಯಾಗಿ ಹಿಡಿದಿರಲಿಲ್ಲ, ಯಾರೂ ಸಾಕಿಯೂ ಇರಲಿಲ್ಲ. ಅದು ಕೆಲಸ ಮುಗಿಸಿ ಬಂದವರ ಆಟ.

1993ರಲ್ಲಿ ದೇಶ ಎರಡಾಯಿತು, ಅದೇ ವರ್ಷ ಎಕ್ಸ್ಟ್ರಾಲೀಗ ಎಂಬ ಚೆಕ್ ಬೇಸ್‌ಬಾಲ್ ಲೀಗ್ ಆರಂಭವಾಯಿತು. ಹಾಕಿಯವರು 1998ರ ನಾಗಾನೊ ಒಲಿಂಪಿಕ್ಸಿನ ಅಂತಿಮ ಪಂದ್ಯದಲ್ಲಿ ರಷ್ಯಾವನ್ನು 1-0ರಿಂದ ಸೋಲಿಸಿ ಚಿನ್ನ ತಂದರು. ಅವರಿಗೆ ಈಗ ತೆರೆದ ಬಾಗಿಲಿನಿಂದಲೇ ಕೋಟಿಗಟ್ಟಲೆ ಹಣ. ಬೇಸ್‌ಬಾಲಿನವರು ಮಾತ್ರ ಬ್ರ್ನೋದಲ್ಲಿ ದ್ರಾಸಿ, ಅಂದರೆ ಡ್ರ್ಯಾಗನ್‌ಗಳು, ಎಂದು ಹೆಸರಿಟ್ಟುಕೊಂಡರು. ಅಣುವಿದ್ಯುತ್ ಸ್ಥಾವರಕ್ಕೆ ಹತ್ತಿರವಿರುವ ಟ್ರೆಬಿಚ್ ಊರಿನವರು ಕೊಂಚವೂ ಅಳುಕದೆ ನ್ಯೂಕ್ಲಿಯರ್ಸ್ ಎಂದು ಹೆಸರಿಟ್ಟರು. ಆಟ ನಡೆಯಿತು, ಕೆಲಸವೂ ನಡೆಯಿತು. ಕಾರ್ಮಿಕರ ರಾಜ್ಯದಲ್ಲಿ ಸುಳ್ಳಾಗಿದ್ದ ಹಾಜರಿ ಪುಸ್ತಕ ಮಾರುಕಟ್ಟೆಯ ರಾಜ್ಯದಲ್ಲಿ ನಿಜವಾಗಿದೆ. ಇದನ್ನು ಹೊಗಳಬೇಕೋ ಮರುಗಬೇಕೋ ನನಗೆ ಇನ್ನೂ ಬಗೆಹರಿದಿಲ್ಲ. ರಜೆ ಹಾಕಿ ದೇಶಕ್ಕಾಗಿ ಆಡುವುದರಲ್ಲಿ ಸೊಬಗೆಷ್ಟಿದೆಯೋ ಸುಸ್ತೂ ಅಷ್ಟೇ ಇದ್ದೀತು.

ಮೈದಾನಕ್ಕೆ ಮರಳೋಣ. ಪಂದ್ಯ ಮುಗಿದಿದೆ. ಪ್ರೇಕ್ಷಕರು ಕದಲುವ ಮೊದಲೇ ಆಟಗಾರರು ಕುಂಟೆ ಹಿಡಿದು ಬೇಸುಗಳ ಸುತ್ತಲಿನ ಕೆಮ್ಮಣ್ಣನ್ನು ಎಳೆದು ಸಮ ಮಾಡುತ್ತಿದ್ದಾರೆ. ಇಬ್ಬರು ಪಿಚರ್ ನಿಲ್ಲುವ ದಿಬ್ಬಕ್ಕೆ ಟಾರ್ಪಾಲು ಹೊದೆಸಿ ಅಂಚಿಗೆ ಭಾರ ಇಡುತ್ತಿದ್ದಾರೆ. ಲಾಲಿಪಾಪ್ ಹುಡುಗ ಎರಡನೆಯ ಬೇಸಿಗೆ ಜಾರಿ ಬಿದ್ದು ಬೈಸಿಕೊಳ್ಳುತ್ತಿದ್ದಾನೆ. ಸ್ವಲ್ಪ ಹೊತ್ತಿಗೆ, ಈ ಮಧ್ಯಾಹ್ನವೆಲ್ಲ ಚೆಂಡೆಸೆದ ಪಿಚರ್ ಹೊರಗೆ ಬಂದು, ಭುಜಕ್ಕೆ ಕಟ್ಟಿದ್ದ ಐಸಿನ ಚೀಲವನ್ನು ಬಿಚ್ಚಿ ಹುಲ್ಲಿನ ಮೇಲೆ ಸುರಿದು, ಮೇಲೆ ಏಣಿ ಕಟ್ಟಿರುವ ಬಿಳಿಯ ವ್ಯಾನಿನಲ್ಲಿ ಕುಳಿತರು. ನಾಳೆ ಸೋಮವಾರ.