ಹೆದರಿಸಿದ್ದು ಡ್ರಾಕುಲಾ ಅಲ್ಲ, ಡ್ವೈಟ್ ಫ್ರೈ

ಸಣ್ಣ ವೇಷವೂ ಮನಸ್ಸಿನಲ್ಲಿ ಉಳಿಯುತ್ತದೆ ಎಂಬ ಮಾತನ್ನು ಉಡುಪಿಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಮಂದಾರ್ತಿ ಮೇಳದ ಯಕ್ಷಗಾನದ ಆಟ ನೋಡಿ ಬೆಳಗಾಗುವಾಗ ಮನೆಗೆ ಬಂದವರು ರಾಜವೇಷದ ಬಗ್ಗೆ ಎಷ್ಟು ಮಾತನಾಡುತ್ತಾರೋ ಹಾಸ್ಯಗಾರರ ಬಗ್ಗೆಯೂ ಅಷ್ಟೇ ಮಾತನಾಡುತ್ತಾರೆ. ದೂತನಾಗಿ ಬಂದು ಹೋಗುವ ವೇಷವೂ ನಮ್ಮಲ್ಲಿ ಲೆಕ್ಕಕ್ಕುಂಟು. ಸಿನಿಮಾ ಮಾತ್ರ ಆ ಲೆಕ್ಕ ಇಡಲಿಲ್ಲ ಎಂಬುದೇ ನನ್ನ ತಕರಾರು. ಹಾಲಿವುಡ್ ನಟ ಡ್ವೈಟ್ ಫ್ರೈ ಅವರನ್ನೇ ನೋಡಿ.

1931. ಇಲ್ಲಿ ಭಾರತದ ಮೊದಲ ಮಾತಿನ ಚಿತ್ರ ‘ಆಲಂ ಆರಾ’ ತೆರೆಕಂಡ ವರ್ಷ. ಅದೇ ವರ್ಷ ಹಾಲಿವುಡ್‌ನಿಂದ ‘ಡ್ರಾಕುಲಾ’ ಬಂತು. ಹೆಸರೆಲ್ಲ ರಕ್ತ ಹೀರುವ ಡ್ರಾಕುಲಾನ ಪಾತ್ರ ಮಾಡಿದ ಬೆಲಾ ಲುಗೋಸಿಗೆ. ಆದರೆ ಮೊದಲಿಗೆ ಡ್ರಾಕುಲಾನ ಕೋಟೆಯತ್ತ ಹೊರಡುವುದು ಫ್ರೈ ಮಾಡಿದ ರೆನ್‌ಫೀಲ್ಡ್: ಆಸ್ತಿಯ ಕಾಗದಪತ್ರ ಹಿಡಿದುಕೊಂಡು ಬಂದ, ಟೋಪಿ ತೊಟ್ಟ ಸಭ್ಯ ಯುವಕ. ಸ್ವಲ್ಪ ಹೊತ್ತಿನಲ್ಲೇ ಹಡಗೊಂದು ಇಂಗ್ಲೆಂಡಿನ ದಡ ಸೇರುತ್ತದೆ. ನಾವಿಕರೆಲ್ಲ ಸತ್ತಿದ್ದಾರೆ. ಹಡಗಿನ ಒಡಲಿನಿಂದ ನಗು ಕೇಳಿಸುತ್ತದೆ. ಮುಚ್ಚಳ ತೆರೆದರೆ ಮೆಟ್ಟಿಲ ಬುಡದಲ್ಲಿ ಅದೇ ಯುವಕ. ಮುಖ ಮೇಲೆತ್ತಿ, ಕಣ್ಣರಳಿಸಿ, ಹಲ್ಲು ಕಚ್ಚಿಕೊಂಡೇ ನಗುತ್ತಿದ್ದಾನೆ. ಉಸಿರು ತುಂಡುತುಂಡಾಗಿ ಹೊರಬರುತ್ತದೆ. ಆ ಚಿತ್ರದಲ್ಲಿ ಹಿನ್ನೆಲೆ ಸಂಗೀತ ಇಲ್ಲವೆನ್ನುವಷ್ಟು ಕಡಿಮೆ. ನಮ್ಮ ರಂಗಸ್ಥಳದಲ್ಲಾದರೆ ಚೆಂಡೆ ಕೈಹಿಡಿಯುತ್ತದೆ, ಫ್ರೈಗೆ ಆ ಆಸರೆಯೂ ಇರಲಿಲ್ಲ. ಮೂಕಿಚಿತ್ರದಲ್ಲಿ ಹುಟ್ಟಲು ಸಾಧ್ಯವೇ ಇಲ್ಲದ ಭಯ ಅದು. ಲುಗೋಸಿಯ ನೋಟಕ್ಕಿಂತ ಆ ನಗು ದೊಡ್ಡದು ಎಂದು ನಾನು ಯಾರೆದುರೂ ವಾದಿಸುತ್ತೇನೆ.

ಅದೇ ವರ್ಷದ ‘ಫ್ರಾಂಕೆನ್‌ಸ್ಟೈನ್’ನಲ್ಲಿ ಫ್ರೈ ವಿಜ್ಞಾನಿಯ ಸಹಾಯಕ, ಗೂನುಬೆನ್ನಿನ ಫ್ರಿಟ್ಜ್. ಗಿಡ್ಡ ಊರುಗೋಲು ಊರಿಕೊಂಡು ಮೆಟ್ಟಿಲು ಹತ್ತುವವರು ನಡುವೆ ನಿಂತು, ಜಾರಿದ ಕಾಲುಚೀಲವನ್ನು ಮೇಲಕ್ಕೆಳೆದುಕೊಳ್ಳುತ್ತಾರೆ. ಕಥೆಗೆ ಅದು ಬೇಕಾಗಿರಲಿಲ್ಲ, ಫ್ರಿಟ್ಜ್ ಮನುಷ್ಯನಾಗಲು ಬೇಕಿತ್ತು.

ಬ್ರಾಡ್‌ವೇ ರಂಗಭೂಮಿಯಲ್ಲಿ ಹಾಸ್ಯ ಪಾತ್ರಗಳನ್ನೂ ಮಾಡಿ ಬಂದ ನಟನಿಗೆ ಹಾಲಿವುಡ್ ಮತ್ತೆ ಮತ್ತೆ ಹುಚ್ಚನನ್ನೂ ಕೊಲೆಗಡುಕನನ್ನೂ ಕೊಟ್ಟಿತು. 1935ರ ‘ಬ್ರೈಡ್ ಆಫ್ ಫ್ರಾಂಕೆನ್‌ಸ್ಟೈನ್’ನಲ್ಲಿ ಅವರ ಕೆಲವು ದೃಶ್ಯಗಳು ಕತ್ತರಿಗೆ ಸಿಕ್ಕವು. ಆಮೇಲೆ ಹೆಸರೂ ಹಾಕದ ಸಣ್ಣಪುಟ್ಟ ಪಾತ್ರಗಳು. ಯುದ್ಧಕಾಲದಲ್ಲಿ ರಾತ್ರಿ ಪಾಳಿಯಲ್ಲಿ ವಿಮಾನ ಕಾರ್ಖಾನೆಯ ಕೆಲಸ. 1943ರ ನವೆಂಬರ್ 7ರಂದು ಬಸ್ಸಿನಲ್ಲೇ ಹೃದಯಾಘಾತವಾಗಿ ತೀರಿಕೊಂಡಾಗ ವಯಸ್ಸು 44. ಮರಣಪತ್ರದಲ್ಲಿ ಉದ್ಯೋಗದ ಕಡೆ ಬರೆದದ್ದು ಉಪಕರಣ ವಿನ್ಯಾಸಕ ಎಂದು. ಅದನ್ನು ಓದಿದಾಗ ನನಗೆ ನಿಜಕ್ಕೂ ಸಿಟ್ಟು ಬಂತು. ಅಭಿನಯ ಅವರನ್ನು ಬಿಟ್ಟಿರಲಿಲ್ಲ. ಆಗಷ್ಟೇ ‘ವಿಲ್ಸನ್’ ಚಿತ್ರದಲ್ಲಿ ಅಮೆರಿಕದ ಯುದ್ಧ ಸಚಿವ ನ್ಯೂಟನ್ ಬೇಕರ್ ಪಾತ್ರಕ್ಕೆ ಅವರನ್ನು ಆರಿಸಿದ್ದರು. ಗೂನಿಲ್ಲ, ಹುಚ್ಚಿಲ್ಲ, ಕೋಟು ತೊಟ್ಟು ನಿಂತು ಮಾತನಾಡುವ ಪಾತ್ರ. ಅದನ್ನು ಬೇರೆಯವರು ಮಾಡಿದರು.