ಡಮರುಗ ಹಿಡಿದ ಕೈ

ಎಲ್ಲರಿಗೂ ನಮಸ್ಕಾರ.

ನಾನು ಚಿಕ್ಕವನಿದ್ದಾಗ ನಮ್ಮೂರಿಗೆ ಕೋಳಿ ಕೂಗುವ ಮೊದಲೇ ಬುಡಬುಡಿಕೆಯವನು ಬರುತ್ತಿದ್ದ. 'ಹಾಲಕ್ಕಿ ನುಡಿತೈತೆ' ಅನ್ನುವ ಅವನ ದನಿಗೂ ಮುಂಚೆ ಕೈಯ ವಾದ್ಯ ಕೇಳಿಸುತ್ತಿತ್ತು. ನಾಳೆ ಆಗುವುದೆಲ್ಲ ಅವನಿಗೆ ಇವತ್ತೇ ಗೊತ್ತು ಅಂತ ಅಜ್ಜಿ ಹೇಳಿದ್ದಳು. ಕೌದಿಯೊಳಗೆ ಉಸಿರು ಬಿಗಿಹಿಡಿದು ಮಲಗಿರುತ್ತಿದ್ದೆ. ಈ ಸದ್ದಿಗೂ ಕಾಲಕ್ಕೂ ಏನೋ ನಂಟಿದೆ ಎಂದು ನನಗೆ ಮೊದಲು ಅನಿಸಿದ್ದು ಆ ಕತ್ತಲಲ್ಲಿ.

ಅದೇ ವಾದ್ಯ ಶಿವನ ಕೈಯಲ್ಲಿದ್ದರೆ ಡಮರುಗ. ಚೋಳರ ಕಾಲದ ಕಂಚಿನ ನಟರಾಜನನ್ನು ನೆನಪಿಸಿಕೊಳ್ಳಿ. ಮೇಲಿನ ಬಲಗೈಯಲ್ಲಿ ಡಮರುಗ, ಮೇಲಿನ ಎಡಗೈಯಲ್ಲಿ ಬೆಂಕಿ. 'ಉಣ್ಮೈ ವಿಳಕ್ಕಂ' ಎಂಬ ತಮಿಳು ಶೈವಗ್ರಂಥ ಸೃಷ್ಟಿ ಹುಟ್ಟುವುದು ಈ ವಾದ್ಯದಿಂದ, ಸಂಹಾರ ಆ ಬೆಂಕಿಯಿಂದ ಎನ್ನುತ್ತದೆ. ನಮ್ಮ ಬಾದಾಮಿಯ ಮೊದಲ ಗುಹೆಯ ಬಳಿ 6ನೆಯ ಶತಮಾನದಿಂದ ಹದಿನೆಂಟು ತೋಳು ಬೀಸಿ ಕುಣಿಯುತ್ತಿರುವ ಶಿವನಂತೂ ನಿಮಗೆಲ್ಲ ಗೊತ್ತು. ಆ ಕೆಂಪು ಕಲ್ಲಿನ ಮುಂದೆ ನಿಂತಾಗಲೆಲ್ಲ ಅವನ ತೋಳುಗಳನ್ನು ಎಣಿಸುವುದು ಮರೆತು, ಆ ಕುಣಿತಕ್ಕೆ ತಾಳ ಯಾವುದಿರಬಹುದು ಎಂದೇ ಯೋಚಿಸಿದ್ದೇನೆ.

ಇನ್ನೊಂದು ಐತಿಹ್ಯ ವ್ಯಾಕರಣದವರದು. ಕುಣಿತದ ಕೊನೆಗೆ ನಟರಾಜ 'ನವಪಂಚವಾರಂ', ಅಂದರೆ ಒಂಬತ್ತು ಮತ್ತು ಐದು, ಒಟ್ಟು 14 ಸಲ ಢಕ್ಕೆ, ಅಂದರೆ ಇದೇ ಡಮರುಗ, ನುಡಿಸಿದ. ಆ ಪೆಟ್ಟುಗಳೇ 'ಅ ಇ ಉ ಣ್' ಎಂದು ಶುರುವಾಗುವ, ಅಕ್ಷರಗಳನ್ನು ಸಾಲಾಗಿ ಜೋಡಿಸಿದ 14 ಮಾಹೇಶ್ವರ ಸೂತ್ರಗಳಾದವು. ಪಾಣಿನಿಯ ಸಂಸ್ಕೃತ ವ್ಯಾಕರಣ ನಿಂತಿರುವುದು ಅವುಗಳ ಮೇಲೆ. ಅದೇ ಪಾಣಿನಿ ಸ್ವರಗಳನ್ನು ಹ್ರಸ್ವ, ದೀರ್ಘ, ಪ್ಲುತ ಎಂದು ವಿಂಗಡಿಸುವ ಸೂತ್ರದಲ್ಲಿ 'ಕಾಲ' ಎಂಬ ಪದವನ್ನೇ ಬಳಸುತ್ತಾನೆ. ಒಂದು ಮಾತ್ರೆ, ಎರಡು, ಮೂರು. ಅಳತೆಗೆ ಅವನು ಆರಿಸಿಕೊಂಡ ಅಕ್ಷರ 'ಉ'. ಕೋಳಿಯ ಕೂಗಿನಲ್ಲಿ ಈ ಮೂರೂ ಉಕಾರಗಳು ಸಾಲಾಗಿ ಕೇಳಿಸುತ್ತವೆ ಎಂಬುದು ಪಂಡಿತರ ಹಳೆಯ ವಿವರಣೆ. ನನಗಂತೂ ಇದು ಬಹಳ ಪ್ರಿಯ. ವ್ಯಾಕರಣವೂ ಬೆಳಗಿನ ಜಾವ ಎದ್ದು ಕಿವಿಗೊಟ್ಟಿದೆ!

ಈಗ ವಾದ್ಯವನ್ನೇ ನೋಡೋಣ. ಮೇಜಿನ ಮೇಲೆ ಒಂದನ್ನು ತಂದಿಟ್ಟಿದ್ದೇನೆ. ಸಣ್ಣ ನಡು, ಎರಡು ಬಾಯಿ, ಎರಡಕ್ಕೂ ಚರ್ಮದ ಹೊದಿಕೆ. ನಡುವಿಗೆ ದಾರ, ದಾರದ ತುದಿಗೆ ಗಂಟು. ಇದನ್ನು ಬೆರಳಿನಿಂದಲೋ ಕೋಲಿನಿಂದಲೋ ಬಾರಿಸುವುದಿಲ್ಲ. ಮಣಿಕಟ್ಟು ತಿರುಗಿಸಿದರೆ ಗಂಟು ತಾನೇ ಹೋಗಿ ಒಂದು ಮುಖಕ್ಕೆ ಬಡಿದು, ಹೊರಳಿ ಇನ್ನೊಂದಕ್ಕೆ ಬಡಿಯುತ್ತದೆ. ಒಂದು ಮುಖ ಬಿಟ್ಟ ಗಂಟು ಇನ್ನೊಂದನ್ನು ಮುಟ್ಟುವವರೆಗೆ ಗಾಳಿಯಲ್ಲಿರುತ್ತದೆ. ಆಗ ಸದ್ದಿಲ್ಲ.

ಈ ಸದ್ದಿಲ್ಲದ ಗಳಿಗೆಯನ್ನು ಹೇಳುವುದಕ್ಕೇ ನಾನಿಲ್ಲಿ ನಿಂತಿದ್ದೇನೆ. 13ನೆಯ ಶತಮಾನದಲ್ಲಿ ದೇವಗಿರಿಯ ಸೇವುಣರ ಆಶ್ರಯದಲ್ಲಿದ್ದ ಶಾರ್ಙ್ಗದೇವ 'ಸಂಗೀತರತ್ನಾಕರ'ದಲ್ಲಿ ಲಯಕ್ಕೆ ಕೊಟ್ಟ ಲಕ್ಷಣ ಹೀಗಿದೆ: 'ಕ್ರಿಯಾನಂತರವಿಶ್ರಾಂತಿರ್ಲಯಃ'. ಕ್ರಿಯೆ ಮುಗಿದ ಮೇಲಿನ ವಿಶ್ರಾಂತಿಯೇ ಲಯ. ಪೆಟ್ಟಲ್ಲ, ಪೆಟ್ಟಿನ ನಂತರದ ಬಿಡುವು. ಆ ಬಿಡುವು ಕಿರಿದಾದರೆ ದ್ರುತ, ಹಿಗ್ಗಿದರೆ ಮಧ್ಯ, ಮತ್ತೂ ಹಿಗ್ಗಿದರೆ ವಿಲಂಬಿತ. ತಾಳಕ್ಕೆ ಜೀವವಾದ ಹತ್ತು ಅಂಶಗಳಲ್ಲಿ, ಅಂದರೆ ದಶಪ್ರಾಣಗಳಲ್ಲಿ, ಮೊದಲನೆಯದು ಕಾಲ, ಎಂಟನೆಯದು ಈ ಲಯ. ಇದೇ ಪದವನ್ನು ಪುರಾಣಕಾರರು ಜಗತ್ತು ಕರಗಿಹೋಗುವುದಕ್ಕೂ ಬಳಸಿದರು: ಸೃಷ್ಟಿ, ಸ್ಥಿತಿ, ಲಯ. ಸಂಗೀತಗಾರನಿಗೂ ಪೌರಾಣಿಕನಿಗೂ ಒಂದೇ ಮಾತು ಒದಗಿಬಂದದ್ದು ಆಕಸ್ಮಿಕವೆಂದು ನನಗೆ ಅನಿಸುವುದಿಲ್ಲ. ಒಂದು ಪೆಟ್ಟು ಬಿದ್ದರೆ ಸೃಷ್ಟಿ. ಆಮೇಲಿನ ಬಿಡುವು ಎಷ್ಟೇ ಉದ್ದವಿರಲಿ, ಪ್ರಳಯವೆಂದರೆ ಗಂಟು ಗಾಳಿಯಲ್ಲಿರುವ ಹೊತ್ತು.

ಆದ್ದರಿಂದ ಡಮರುಗ ಕಾಲವನ್ನು ನಿಲ್ಲಿಸುವ ಮಾಯಾವಾದ್ಯವೆಂದು ಯಾರಾದರೂ ಹೇಳಿದರೆ ನಾನು ಒಪ್ಪುವುದಿಲ್ಲ. ಪೆಟ್ಟೇ ಬೀಳದ ಕಡೆ ಮೊದಲೂ ಇಲ್ಲ, ಆಮೇಲೂ ಇಲ್ಲ. ಕಾಲವನ್ನು ಎಣಿಕೆಗೆ ತಂದುಕೊಡುವುದು ಡಮರುಗ. ಹಾಲಕ್ಕಿಯ ಶಕುನ ಹೇಳುವವನಿಗೂ ಮೊದಲು ಈ ಸದ್ದು ಬೇಕು, ನಾಳೆಯ ಮಾತು ಆಮೇಲೆ. ಅವನಿಗೆ ಅಕ್ಕಿ ಹಾಕಿ, ಹಳೆಯ ಬಟ್ಟೆ ಕೊಟ್ಟು ಕಳಿಸುತ್ತಿದ್ದ ಅಜ್ಜಿಗೆ ಇದು ನನಗಿಂತ ಚೆನ್ನಾಗಿ ತಿಳಿದಿತ್ತು. ಸದ್ದು ನಿಂತ ಮೇಲೂ ಅವಳು ಸ್ವಲ್ಪ ಹೊತ್ತು ಬಾಗಿಲಲ್ಲೇ ನಿಂತಿರುತ್ತಿದ್ದಳು.

ಈಗ ಇದನ್ನು ನುಡಿಸುತ್ತೇನೆ, ತೀರ ನಿಧಾನವಾಗಿ. ಕಣ್ಣು ಮುಚ್ಚಿಕೊಳ್ಳಿ. ಪೆಟ್ಟು ಬೇಡ, ಎರಡು ಪೆಟ್ಟುಗಳ ನಡುವೆ ಏನಿದೆಯೋ ಅದನ್ನು ಕೇಳಿ.