ಮದುವೆ ಕ್ಯಾಸೆಟ್‌ನಲ್ಲಿ ಸಿಕ್ಕ ಹಳೇ ಬಾಗಲಕೋಟೆ

ಮೆರವಣಿಗೆ ಬರುತ್ತಿದೆ ನೋಡಿ. ಮದುಮಗನನ್ನು ಬಿಡಿ, ಅವನ ಹಿಂದೆ ನೋಡಿ. ಎಡಕ್ಕೆ ಕಿರಾಣಿ ಅಂಗಡಿ, ಅದರ ಕಟ್ಟೆ ಮೇಲೆ ಬೀಡಿ ಸೇದುತ್ತಾ ಕೂತ ಇಬ್ಬರು ಮುದುಕರು, ಮಾಳಿಗೆಯಿಂದ ಬಗ್ಗಿ ನೋಡುತ್ತಿರುವ ಹುಡುಗಿಯರು. ಆ ಓಣಿ ಈಗ ಇಲ್ಲ, ಆಲಮಟ್ಟಿ ಹಿನ್ನೀರಿನ ಪಾಲಾಗಿದೆ. ಈ 11 ಸೆಕೆಂಡಿಗೆ ನಾನು ಎರಡು ತಿಂಗಳು ಓಡಾಡಿದ್ದೇನೆ.

ಮುಳುಗಡೆ ಬಗ್ಗೆ ಒಂದು ಡಾಕ್ಯುಮೆಂಟರಿ ಆಗುತ್ತಿದೆ. ಅದಕ್ಕೆ ಹಳೇ ವಿಡಿಯೋ ಹುಡುಕಿ ಕೊಡುವುದು ನನ್ನ ಕೆಲಸ. ಡ್ಯಾಮಿನ ವಿಡಿಯೋಗೆ ಅಷ್ಟು ಕಷ್ಟ ಇಲ್ಲ. ದೊಡ್ಡ ಆರ್ಕೈವ್‌ಗೆ ಬರೆದರೆ ವಾಟರ್‌ಮಾರ್ಕ್ ಹಾಕಿದ ಸಣ್ಣ ಫೈಲ್ ಕಳಿಸುತ್ತಾರೆ, ಎಡಿಟರ್ ಒಪ್ಪಿದ ಮೇಲೆ ಎಲ್ಲಿಂದ ಎಲ್ಲಿವರೆಗೆ ಬೇಕು ಅಂತ ಟೈಮ್‌ಕೋಡ್ ಬರೆದು ಕಳಿಸಬೇಕು, ಆಮೇಲೆ ಸೆಕೆಂಡ್ ಲೆಕ್ಕದಲ್ಲೋ ನಿಮಿಷದ ಲೆಕ್ಕದಲ್ಲೋ ದುಡ್ಡು. ಲಾಲ್ ಬಹದ್ದೂರ್ ಶಾಸ್ತ್ರಿಯವರು ಆಲಮಟ್ಟಿ ಡ್ಯಾಮಿಗೆ ಅಡಿಗಲ್ಲು ಹಾಕಿದ 1964ರಲ್ಲೇ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಯಿತು. ಆದರೆ ಅದು ಸಿನಿಮಾಗಳ ಮನೆ. ನಮ್ಮ ಹೋಳಿಯ ಬಣ್ಣದ ಬಂಡಿ, ಕಿಲ್ಲಾದ ಓಣಿ, ಹಲಗಿ ಅನ್ನೋ ಚರ್ಮವಾದ್ಯ ಬಾರಿಸುವ ಕೈ, ಇವೆಲ್ಲ ಇರುವುದು ಜನರ ಟ್ರಂಕಿನಲ್ಲಿ.

ಮೊದಲು ಹೋದದ್ದು ಒಂದು ಹಳೇ ಫೋಟೋ ಸ್ಟುಡಿಯೋಗೆ. ಅಂಗಡಿ ಬದಲಿಸುವಾಗ ಕ್ಯಾಸೆಟ್ ಎಲ್ಲಾ ಗುಜರಿಗೆ ಹಾಕಿದ್ದಾರೆ. ಅವತ್ತು ನನಗೆ ಊಟ ಸೇರಲಿಲ್ಲ.

ಈ ಕ್ಯಾಸೆಟ್ ಕೊಟ್ಟವರು, ಮುಳುಗಡೆಯಾದವರಿಗೆ ಕಟ್ಟಿದ ನವನಗರದ ಒಬ್ಬ ಕಾಕಾ. ಅವರದೇ ಮದುವೆ. ಬೆಳಕಿಗೆ ಹಿಡಿದು ನೋಡಿದರೆ ಟೇಪಿನ ಅಂಚಿಗೆ ಬಿಳಿ ಬೂಷ್ಟು, ರೊಟ್ಟಿ ಹಿಟ್ಟು ಉದುರಿಸಿದ ಹಾಗೆ. ಇಂಥದ್ದನ್ನು ಸೀದಾ ವಿಸಿಆರ್‌ಗೆ ಹಾಕಲೇಬಾರದು. ಬೂಷ್ಟು ಹೆಡ್‌ಗೆ, ಅಂದರೆ ಟೇಪ್ ಓದುವ ಭಾಗಕ್ಕೆ ಅಂಟುತ್ತದೆ, ಮುಂದಿನ ಕ್ಯಾಸೆಟ್‌ಗೂ ಹತ್ತುತ್ತದೆ. ಹೊಸ ವಿಸಿಆರ್ ತರೋಣ ಅಂದರೆ ಅದರ ತಯಾರಿಕೆಯೇ 2016ಕ್ಕೆ ನಿಂತಿದೆ. ಒಂದು ಇಡೀ ದಿನ ಟೇಪ್ ಒರೆಸಿ, ನಿಧಾನ ಸುತ್ತಿ, ಆಮೇಲೆ ಹಾಕಿದೆ. ಚಿತ್ರ ಸ್ವಲ್ಪ ಕುಣಿಯಿತು, ಆಮೇಲೆ ಅಲುಗಾಡದೆ ನಿಂತಿತು.

ಇನ್ನು ಹಕ್ಕಿನ ಮಾತು. ಬೇರೆ ಒಪ್ಪಂದ ಇಲ್ಲದಿದ್ದರೆ, ದುಡ್ಡು ಕೊಟ್ಟು ವಿಡಿಯೋ ಮಾಡಿಸಿದವರೇ ಅದರ ಮೊದಲ ಮಾಲೀಕರು, ನಮ್ಮ ಕಾಪಿರೈಟ್ ಕಾನೂನೇ ಹಾಗೆ ಹೇಳುತ್ತದೆ. ಹಾಗಾಗಿ ಕಾಕಾನ ಸಹಿ ಬೇಕು. ಕಾಗದ ಪೂರ್ತಿ ಓದಿಸಿಕೊಂಡು ಸಹಿ ಹಾಕಿದರು. "ಓಣಿ ಅಂತೂ ನೀರಾಗ ಹೋತು ತಮ್ಮಾ, ಟಿವ್ಯಾಗರ ಇರ್ಲಿ" ಅಂದರು.

ನನಗೆ ಹೊಟ್ಟೆ ಉರಿಯುವುದು ಒಂದೇ ವಿಷಯಕ್ಕೆ. ಆಗಿನ ಮದುವೆ ಕ್ಯಾಸೆಟ್ ಅಂದರೆ ಮೇಲೆ ಸಿನಿಮಾ ಹಾಡು ಇರಲೇಬೇಕು, ಅಲ್ವಾ? ಆ ಹಾಡಿಗೆ ಬೇರೆ ಹಕ್ಕು, ಬೇರೆ ದುಡ್ಡು. ಅದಕ್ಕೇ ಈ ದೃಶ್ಯ ಸದ್ದಿಲ್ಲದೆ ಓಡುತ್ತಿದೆ. ಹಾಡು ಕೂಡಿಸುವಾಗ ಓಣಿಯ ಸದ್ದು ಅಳಿಸಿದ್ದಾರೆ. ಬಾಯಿ ಆಡುವುದು ಕಾಣುತ್ತದೆ, ಮಾತು ಕೇಳಿಸುವುದಿಲ್ಲ.

ಹಾಗಾಗಿ ಹುಡುಕಾಟ ಇನ್ನೂ ಮುಗಿದಿಲ್ಲ, ಹಲಗಿ ಸದ್ದು ಇರುವ ಟೇಪ್ ಬೇಕು. ಹಳೇ ಬಾಗಲಕೋಟೆಯ ಕ್ಯಾಸೆಟ್ ನಿಮ್ಮ ಮನೆಯಲ್ಲಿದ್ದರೆ ದಯವಿಟ್ಟು ಹಾಕಿ ನೋಡಲು ಹೋಗಬೇಡಿ. ಮೊದಲು ನನಗೆ ಹೇಳಿ, ನಾನೇ ಬರುತ್ತೇನೆ.